ಶಿಥಿಲ ಕಟ್ಟಡಕ್ಕೆ ನೋಟಿಸ್ ಬಂದಿದೆಯೇ? ಬಾಡಿಗೆದಾರರು ಮಾಡಬೇಕಾದ್ದಿಷ್ಟು

ಗೋಡೆಗೆ ಪಾಲಿಕೆಯ ನೋಟಿಸ್ ಅಂಟಿಸಿದ ಬೆನ್ನಲ್ಲೇ ಮಾಲೀಕರ ಕಡೆಯಿಂದ ಒಂದು ಕಾಗದ ಬರುವುದುಂಟು. ‘ಮನೆ ಖಾಲಿ ಮಾಡಿದ್ದೇನೆ, ಇನ್ನು ನನಗೆ ಯಾವ ಹಕ್ಕೂ ಇಲ್ಲ’ ಎಂಬ ಒಕ್ಕಣೆ. ಸಹಿ ಹಾಕಿದರೆ ಅಡ್ವಾನ್ಸ್ ವಾಪಸ್. ಗಾಬರಿಯಲ್ಲಿ ಸಹಿ ಹಾಕಿದವರು ಆಮೇಲೆ ಎಷ್ಟು ಅಲೆದಾಡಿದರೂ ಪ್ರಯೋಜನವಾಗುವುದು ಕಷ್ಟ. ಏಕೆಂದರೆ 1882ರ ಆಸ್ತಿ ವರ್ಗಾವಣೆ ಕಾಯ್ದೆಯ ಸೆಕ್ಷನ್ 111ರ ಪ್ರಕಾರ, ಬಾಡಿಗೆದಾರ ತಾನಾಗಿಯೇ ಹಕ್ಕು ಒಪ್ಪಿಸಿದರೆ ಬಾಡಿಗೆ ಸಂಬಂಧ ಅಲ್ಲಿಗೇ ಮುಗಿಯುತ್ತದೆ.

ಜೀವ ಉಳಿಸಿಕೊಳ್ಳಲು ಹೊರಬರುವುದೇ ಬೇರೆ, ಹಕ್ಕು ಬಿಟ್ಟುಕೊಡುವುದೇ ಬೇರೆ. 2014ರಲ್ಲಿ ಶಾಹಾ ರತನ್‌ಸಿ ಖೀಮ್‌ಜಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್‌ನ ತ್ರಿಸದಸ್ಯ ಪೀಠ ಇದನ್ನು ಸ್ಪಷ್ಟಪಡಿಸಿದೆ. ಕಟ್ಟಡ ಬಾಡಿಗೆಗೆ ಕೊಟ್ಟಾಗ ಅದು ನಿಂತಿರುವ ನೆಲವೂ ಅದರಲ್ಲಿ ಸೇರಿರುತ್ತದೆ. ಹಾಗಾಗಿ ಪಾಲಿಕೆ ಕಟ್ಟಡ ಕೆಡವಿತು ಎಂಬ ಒಂದೇ ಕಾರಣಕ್ಕೆ ಬಾಡಿಗೆ ಹಕ್ಕು ಅಳಿಯುವುದಿಲ್ಲ. ಇದಕ್ಕೆ ವಿರುದ್ಧವಾಗಿದ್ದ ಹಿಂದಿನ ತೀರ್ಪನ್ನು ಪೀಠ ಒಪ್ಪಲಿಲ್ಲ.

ನೋಟಿಸ್ ಓದುವುದು

ಸಹಿ ಯಾರದು, ಯಾವ ಕಾಯ್ದೆಯ ಯಾವ ಸೆಕ್ಷನ್ ಅಡಿ ಹೊರಡಿಸಿದ್ದು, ದುರಸ್ತಿಗೋ, ತೆರವಿಗೋ, ನೆಲಸಮಕ್ಕೋ, ಗಡುವು ಎಷ್ಟು ಎಂಬುದನ್ನು ಮೊದಲು ನೋಡಿ. ಮಾಲೀಕರ ವಕೀಲರು ಕಳಿಸಿದ ಪತ್ರ ಪಾಲಿಕೆಯ ಆದೇಶವಲ್ಲ. ನೋಟಿಸ್‌ನ ಪ್ರತಿ ಪುಟದ ಫೋಟೊ ತೆಗೆದಿಟ್ಟುಕೊಳ್ಳಿ.

ನಂತರ ಕಟ್ಟಡ ಶಿಥಿಲವೆಂದು ಹೇಳಿದ ಎಂಜಿನಿಯರ್ ವರದಿಯ ಪ್ರತಿಯನ್ನು ಪಾಲಿಕೆಯಿಂದ ಕೇಳಿ. ಕೊಡದಿದ್ದರೆ ಮಾಹಿತಿ ಹಕ್ಕು ಅರ್ಜಿ ಹಾಕಿ. ಉತ್ತರಕ್ಕೆ ಸಾಮಾನ್ಯವಾಗಿ 30 ದಿನ ಹಿಡಿಯುತ್ತದೆ, ಆದರೆ ಜೀವಕ್ಕೆ ಸಂಬಂಧಿಸಿದ ಮಾಹಿತಿಯನ್ನು 48 ಗಂಟೆಯೊಳಗೆ ಕೊಡಬೇಕು. ಅರ್ಜಿಯ ಮೊದಲ ಸಾಲಿನಲ್ಲೇ ಅದನ್ನು ಬರೆಯಿರಿ. ಕರ್ನಾಟಕದಲ್ಲಿ ಶುಲ್ಕ 10 ರೂಪಾಯಿ. ಅರ್ಜಿ 150 ಪದ ಮೀರಬಾರದು, ಒಂದೇ ವಿಷಯಕ್ಕೆ ಸೀಮಿತವಾಗಿರಬೇಕು.

ವರದಿ ಕೈಗೆ ಬಂದಾಗ ಪರೀಕ್ಷೆಗಳ ಪಟ್ಟಿ ಹುಡುಕಿ. ಕಾಂಕ್ರೀಟ್‌ನ ಗುಣಮಟ್ಟ ನೋಡುವ ರಿಬೌಂಡ್ ಹ್ಯಾಮರ್, ಅಲ್ಟ್ರಾಸಾನಿಕ್ ಪಲ್ಸ್ ವೆಲಾಸಿಟಿ, ಕಾಂಕ್ರೀಟ್ ಕೋರ್ ಪರೀಕ್ಷೆಗಳು, ಕಂಬಿಯ ತುಕ್ಕು ಅಳೆಯುವ ಹಾಫ್ ಸೆಲ್ ಪರೀಕ್ಷೆ ಇವುಗಳಲ್ಲಿ ಯಾವುದನ್ನು ಯಾವ ಪಿಲ್ಲರ್‌ಗೆ ಮಾಡಿದರು, ಫಲಿತಾಂಶವೇನು ಎಂಬುದು ಅದರಲ್ಲಿರಬೇಕು. ಗಾರೆ ಉದುರಿದ ನಾಲ್ಕು ಫೋಟೊ ಹಾಕಿ ‘ವಾಸಕ್ಕೆ ಅಯೋಗ್ಯ’ ಎಂದು ಷರಾ ಬರೆದಿದ್ದರೆ ಅದು ಗಟ್ಟಿ ವರದಿಯಲ್ಲ. ಬಾಡಿಗೆದಾರರೆಲ್ಲ ಸೇರಿ ಬೇರೊಬ್ಬ ಸ್ಟ್ರಕ್ಚರಲ್ ಎಂಜಿನಿಯರ್ ಕರೆಸಿ ಪಾಲಿಕೆಗೆ ಆಕ್ಷೇಪಣೆ ಸಲ್ಲಿಸಿ, ಸ್ವೀಕೃತಿ ಮುದ್ರೆ ಹಾಕಿಸಿಕೊಳ್ಳಿ. ಆದೇಶವನ್ನು ಸಂವಿಧಾನದ 226ನೇ ವಿಧಿಯಡಿ ಹೈಕೋರ್ಟ್‌ನಲ್ಲಿ ಪ್ರಶ್ನಿಸಬಹುದು. ಆದರೆ ಅಪಾಯ ನಿಜವೆಂದು ನಿಮ್ಮ ಎಂಜಿನಿಯರ್ ಕೂಡ ಹೇಳಿದರೆ ತಡೆಯಾಜ್ಞೆಗೆ ಕಾಯುತ್ತ ಒಳಗೆ ಕೂರಬೇಡಿ.

ಬಿಡುವ ಮುನ್ನ ದಾಖಲೆ

ಇದು ಅತಿ ಮುಖ್ಯ. ಕೆಡವಿದ ಮೇಲೆ ನೀವಿದ್ದ ಜಾಗ ಎಷ್ಟಿತ್ತು ಎಂದು ತೋರಿಸಲು ಗೋಡೆಯೇ ಇರುವುದಿಲ್ಲ. ಪ್ರತಿ ಕೋಣೆಯ ಉದ್ದ, ಅಗಲ ಅಳೆದು, ಬಾಗಿಲು ಯಾವ ದಿಕ್ಕಿಗಿದೆ, ಎಷ್ಟನೇ ಮಹಡಿ ಎಂದು ನಕ್ಷೆ ಬರೆಯಿರಿ. ಟೇಪ್ ಹಿಡಿದಿರುವುದು ಕಾಣುವಂತೆ ಫೋಟೊ, ವಿಡಿಯೊ ತೆಗೆಯಿರಿ. ವಿದ್ಯುತ್ ಮೀಟರಿನ ಆರ್.ಆರ್. ನಂಬರ್ ಕಾಣಬೇಕು. ಪಾಲಿಕೆ ಅಧಿಕಾರಿಗಳ ಎದುರೇ ಅಳತೆ ಮಾಡಿ ಮಹಜರು ಬರೆಯುವಂತೆ ಲಿಖಿತವಾಗಿ ಕೋರಿ. ಕರಾರು ಪತ್ರ, ಬಾಡಿಗೆ ರಸೀದಿ, ಬ್ಯಾಂಕ್ ವಿವರ, ಆ ವಿಳಾಸಕ್ಕೆ ಬಂದ ಬಿಲ್‌ಗಳನ್ನು ಒಂದೆಡೆ ಸೇರಿಸಿ.

ಬಿಡುವ ದಿನ ಮಾಲೀಕರಿಗೆ ಸ್ಪೀಡ್ ಪೋಸ್ಟ್‌ನಲ್ಲಿ ಪತ್ರ ಕಳಿಸಿ, ಪಾಲಿಕೆಗೂ ಒಂದು ಪ್ರತಿ ಕೊಡಿ. ಒಕ್ಕಣೆ ಹೀಗಿರಲಿ: ‘ಪಾಲಿಕೆಯ ಆದೇಶದಂತೆ, ಸುರಕ್ಷತೆಯ ದೃಷ್ಟಿಯಿಂದ ಮಾತ್ರ ಜಾಗ ತೆರವು ಮಾಡುತ್ತಿದ್ದೇನೆ. ಬಾಡಿಗೆ ಹಕ್ಕನ್ನು ಬಿಟ್ಟುಕೊಟ್ಟಿಲ್ಲ.’ ಹೊಸ ಕಟ್ಟಡದಲ್ಲಿ ಜಾಗ ಕೊಡುವ ಮಾತಿದ್ದರೆ ಅಳತೆ, ಮಹಡಿ, ಬಾಡಿಗೆ, ಗಡುವು, ನಡುವಿನ ಅವಧಿಯ ಬಾಡಿಗೆಯ ಲೆಕ್ಕ ಎಲ್ಲವೂ ಬರವಣಿಗೆಯಲ್ಲಿ ಬರಬೇಕು. ಬಾಯಿಮಾತನ್ನು ನೆಚ್ಚಿಕೊಳ್ಳಬೇಡಿ.

ಯಾರಿಗೆ ಎಷ್ಟು ರಕ್ಷಣೆ?

1999ರ ಕರ್ನಾಟಕ ಬಾಡಿಗೆ ಕಾಯ್ದೆ ಎಲ್ಲರಿಗೂ ಅನ್ವಯಿಸುವುದಿಲ್ಲ. ತಿಂಗಳ ಬಾಡಿಗೆ ಬೆಂಗಳೂರಿನಲ್ಲಿ 3,500 ರೂಪಾಯಿ, ಕಾಯ್ದೆ ಜಾರಿಯಲ್ಲಿರುವ ಇತರ ಊರುಗಳಲ್ಲಿ 2,000 ರೂಪಾಯಿ ಮೀರಿದ್ದರೆ ಅದರ ರಕ್ಷಣೆ ಸಿಗದು. 14 ಚದರ ಮೀಟರ್‌ಗಿಂತ ದೊಡ್ಡ ಅಂಗಡಿಗಳೂ ಹೊರಗೆ. ಈ ಮಿತಿಯೊಳಗಿನ ಹಳೆಯ ಬಾಡಿಗೆದಾರರನ್ನು ಕೋರ್ಟ್ ಆದೇಶವಿಲ್ಲದೆ ಮಾಲೀಕರು ಒಕ್ಕಲೆಬ್ಬಿಸುವಂತಿಲ್ಲ. ಉಳಿದವರಿಗೆ ಆಸ್ತಿ ವರ್ಗಾವಣೆ ಕಾಯ್ದೆಯೇ ಗತಿ. ತಿಂಗಳ ಬಾಡಿಗೆಯಾದರೆ, ಕರಾರಿನಲ್ಲಿ ಬೇರೆ ಹೇಳಿರದಿದ್ದರೆ, 15 ದಿನಗಳ ನೋಟಿಸ್ ಕೊಟ್ಟು ಮಾಲೀಕರು ಬಾಡಿಗೆ ಕೊನೆಗೊಳಿಸಬಹುದು. 11 ತಿಂಗಳ ಕರಾರಿನವರು ಮರುಪ್ರವೇಶದ ಮೇಲೆ ಹೆಚ್ಚು ಆಸೆ ಇಟ್ಟುಕೊಳ್ಳದೆ ಅಡ್ವಾನ್ಸ್ ವಸೂಲಿಯತ್ತ ಗಮನ ಕೊಡುವುದು ಮೇಲು. ಲಕ್ಷಗಟ್ಟಲೆ ಕೊಟ್ಟು ಲೀಸ್‌ಗೆ ಇದ್ದವರು ಹಣ ವಾಪಸಿಗೆ ಕೂಡಲೇ ವಕೀಲರ ಮೂಲಕ ನೋಟಿಸ್ ಕೊಡಬೇಕು.

ಆದೇಶವೇ ಇಲ್ಲದೆ ಬೀಗ ಒಡೆದು, ಸಾಮಾನು ಹೊರಗೆಸೆದರೆ? 1963ರ ನಿರ್ದಿಷ್ಟ ಪರಿಹಾರ ಕಾಯ್ದೆಯ ಸೆಕ್ಷನ್ 6ರಡಿ ಸ್ವಾಧೀನ ಮರಳಿ ಪಡೆಯಲು ದಾವೆ ಹೂಡಬಹುದು. ಹೊರಹಾಕಿದ ದಿನದಿಂದ 6 ತಿಂಗಳೊಳಗೆ ಹೂಡಬೇಕು. ಸರ್ಕಾರದ ವಿರುದ್ಧ ಈ ದಾವೆ ನಡೆಯದು. ಮಹಿಳೆಯರು, ಪರಿಶಿಷ್ಟ ಜಾತಿ ಮತ್ತು ಪಂಗಡದವರು, ಅಂಗವಿಕಲರಿಗೆ ಆದಾಯದ ಮಿತಿಯಿಲ್ಲದೆ ಉಚಿತ ವಕೀಲರ ನೆರವಿದೆ. ಜಿಲ್ಲಾ ಕಾನೂನು ಸೇವೆಗಳ ಪ್ರಾಧಿಕಾರದಲ್ಲಿ ಅರ್ಜಿ ಕೊಡಿ, ಇಲ್ಲವೇ 15100ಕ್ಕೆ ಕರೆ ಮಾಡಿ.