ವಾಲಿಗೆ ಇಪ್ಪತ್ತೆರಡು ನಿಮಿಷ

ಯಕ್ಷಗಾನದಲ್ಲಿ ಪದ್ಯಕ್ಕೆ ಮಾತು ಹೆಣೆಯುವ ಅರ್ಥಧಾರಿಯ ಬಾಯಿಗೆ ಗಡಿಯಾರ ಕಟ್ಟಲಾಗದು ಎಂದು ನಮ್ಮವರಲ್ಲಿ ಹೇಳದವರಿಲ್ಲ. ಮುಂಬೈಗೆ ಟಿ.ವಿ. ಬಂದದ್ದು 1972ರ ಅಕ್ಟೋಬರ್ 2ರಂದು. ಅದಾಗಿ ಎರಡು ಮೂರು ವರ್ಷಕ್ಕೆ ನಾನು ಯಕ್ಷಗಾನವನ್ನು ನೇರ ಪ್ರಸಾರ ಮಾಡಲು ಹೊರಟೆ. ಟೇಪು ದುಬಾರಿ, ಮುದ್ರಿಸಿಕೊಂಡು ಆಮೇಲೆ ಕತ್ತರಿಸುವ ಮಾತೇ ಇರಲಿಲ್ಲ. ಪದ್ಯ ಕನ್ನಡದಲ್ಲಿ, ಅರ್ಥ ಹಿಂದಿಯಲ್ಲಿ, ಒಟ್ಟು 22 ನಿಮಿಷ.

ಮೊದಲ ಸಲ ಮುಗ್ಗರಿಸಿದೆ. ಬಾಣ ತಾಗಿ ಬಿದ್ದ ವಾಲಿ ರಾಮನನ್ನು ತರಾಟೆಗೆ ತೆಗೆದುಕೊಂಡವನು ನಿಲ್ಲಿಸಲೇ ಇಲ್ಲ. ರಿಹರ್ಸಲ್‌ನಲ್ಲಿ ನಾಲ್ಕು ನಿಮಿಷವಿದ್ದ ಮಾತು ಒಂಬತ್ತರ ಹತ್ತಿರ ಹೋಯಿತು. ಫ್ಲೋರ್ ಮ್ಯಾನೇಜರ್ ಕೈ ತಿರುಗಿಸಿದ, ಕತ್ತು ಕೊಯ್ಯುವ ಸನ್ನೆ ಮಾಡಿದ. ವಾಲಿಗೆ ಅದು ಸುಗ್ರೀವನ ಕಡೆಯವರ ಕುಚೋದ್ಯವೆಂದು ಕಂಡಿರಬೇಕು. ರಾಮ ಬಾಯಿ ತೆರೆಯುವಷ್ಟರಲ್ಲಿ ಹೆಸರಿನ ಕಾರ್ಡು ಬಂದುಬಿಟ್ಟಿತು. ಮರುದಿನ ಮಾಟುಂಗದಲ್ಲಿ ಕಾಫಿಗೆ ಹೋದರೆ ಗಲ್ಲಾದಲ್ಲಿ ಕುಳಿತಿದ್ದವರು, "ಏನು ಮಾರಾಯರೇ, ನಿಮ್ಮ ರಾಮನಿಗೆ ಉತ್ತರವೇ ಇರಲಿಲ್ಲವೋ?" ಎಂದರು. ವೇಷದ ಬಾಡಿಗೆ, ಟ್ಯಾಕ್ಸಿ, ಊಟ ಎಂದು ನನ್ನ ಜೇಬಿನಿಂದಲೇ ಇನ್ನೂರು ರೂಪಾಯಿ ಹೋಗಿತ್ತು. ಆಗಿನ ಇನ್ನೂರು!

ಕಿರೀಟದ ಕನ್ನಡಿ ಚೂರುಗಳದ್ದು ಬೇರೆಯೇ ಗೋಳು. ದೀಪ ಬಿದ್ದೊಡನೆ ಕ್ಯಾಮೆರಾದ ಟ್ಯೂಬಿನಲ್ಲಿ ಬಾಲಚುಕ್ಕಿಯಂತೆ ಗೆರೆ ಎಳೆಯುತ್ತಿದ್ದವು. ವಿಭೂತಿ ಬಳಿದೆ, ಎರಡು ಕುಣಿತಕ್ಕೆ ಉದುರಿಹೋಯಿತು. ಒಣ ಸಾಬೂನು ಉಜ್ಜಿದಾಗ ಸುಮ್ಮನಾದವು. ಬಿಳಿ ಪಂಚೆಯೂ ಕ್ಯಾಮೆರಾಕ್ಕೆ ಕೋರೈಸುತ್ತಿತ್ತು, ಅದನ್ನು ಅದೇ ಹೋಟೆಲಿನ ಹಾಲು ಹಾಕದ ಚಹಾದಲ್ಲಿ ಅದ್ದಿ ಒಣಗಿಸಿದೆ. ಕಪ್ಪು ಬಿಳುಪಿನ ತೆರೆಯಲ್ಲಿ ಅದು ಅಚ್ಚ ಬಿಳಿ. ಎಷ್ಟು ಹೊತ್ತು ಅದ್ದಬೇಕೆಂಬುದನ್ನು ಆಗಲೂ ಯಾರಿಗೂ ಹೇಳಲಿಲ್ಲ, ಈಗಲೂ ಹೇಳುವುದಿಲ್ಲ.

ನಾನು ಸನ್ನೆ ಮಾಡಿಸುತ್ತಿದ್ದುದು ಯಾರಿಗೆ ಎಂಬುದರಲ್ಲೇ ತಪ್ಪಿತ್ತು. ಪದ್ಯ ಹಾಡಿ ಆಟ ನಡೆಸುವ ಭಾಗವತರೇ ಒಂದನೇ ವೇಷ. ಅವರು ಪದ್ಯ ಎತ್ತಿದರೆ ಎಂಥ ವಾಲಿಯೂ ಬಾಯಿ ಮುಚ್ಚಬೇಕು. ಕೊನೆಯ ಪದ್ಯವನ್ನು ಮುಕ್ತಾಯದವರೆಗೆ, ಎಂದರೆ ಮುಗಿಸುವ ಬಡಿತದವರೆಗೆ, ಐದಾರು ಸಲ ಹಾಡಿಸಿ ಅಳೆದೆ. ಒಂದು ನಿಮಿಷ ಐವತ್ತು ಸೆಕೆಂಡು, ಹೆಚ್ಚೆಂದರೆ ಮೂರು ಸೆಕೆಂಡು ಆಚೀಚೆ. ಅಲ್ಲಿಂದ ಹಿಂದಕ್ಕೆ ಎಣಿಸಿ ಎರಡು ಗುರುತು ಹಾಕಿದೆ. ಬಿಳಿ ಕರವಸ್ತ್ರ ಕಂಡರೆ ರಾಮನ ಪದ್ಯ, ಕೆಂಪು ಕಂಡರೆ ಕೊನೆಯದು. ವೇಷಧಾರಿಗಳಿಗೆ ಸಮಯದ ಸುದ್ದಿಯನ್ನೇ ಎತ್ತಲಿಲ್ಲ. "ಬೇಕಾದಷ್ಟು ಮಾತಾಡಿ" ಎಂದೆ. ನಮ್ಮ ಮೇಲಿನವರು ಕಂಟ್ರೋಲ್ ರೂಮಿನ ಬಾಗಿಲಲ್ಲೇ ಕೈಕಟ್ಟಿ ನಿಂತಿದ್ದರು, ನಾನು ಬೀಳುವುದನ್ನು ನೋಡಲು.

ಚೆಂಡೆಯ ಸದ್ದು ತಗ್ಗಿಸಲು ಮೈಕಿನ ಸುತ್ತ ಗೋಣಿ ಕಟ್ಟಿ ನೋಡಿದ್ದೂ ಉಂಟು. ಒಳಗಿಂದ ಯಾರೋ ಬಾಗಿಲು ಬಡಿದಂತೆ ಕೇಳಿತು. ಮೈಕನ್ನೇ ದೂರ ಸರಿಸಿದೆ.

ಎರಡನೇ ಸಲ ರಾಮ ಉತ್ತರ ಕೊಟ್ಟ, ವಾಲಿ ಸತ್ತ, ಮುಕ್ತಾಯ ಬಿದ್ದಾಗ ಆರು ಸೆಕೆಂಡು ಉಳಿದಿತ್ತು. ಎರಡನೇ ಕ್ಯಾಮೆರಾವನ್ನು ಚೆಂಡೆಯವರ ಬೆವರಿದ ಕೈಗಳ ಮೇಲೆ ನಿಲ್ಲಿಸಿ ಅದನ್ನೂ ತುಂಬಿಸಿದೆ. ವಾಲಿಯ ಪಾತ್ರಧಾರಿ ಮಾತ್ರ ತಮ್ಮದು ಇನ್ನೂ ಎರಡು ಮಾತು ಬಾಕಿಯಿತ್ತೆಂದು ಟ್ಯಾಕ್ಸಿಯಲ್ಲಿ ಮಾಹಿಮ್‌ವರೆಗೂ ಗೊಣಗುತ್ತಲೇ ಬಂದರು.