ಅಕ್ಕಿ ಇಳಿಸಿ, ಅವರೆಕಾಳು ಏರಿಸಿ: ನಮ್ಮ ಮನೆಯ ಸಂಕ್ರಾಂತಿ ಹುಗ್ಗಿ

ನಮ್ಮ ಊರು ಚಿಂತಾಮಣಿ ತಾಲ್ಲೂಕಿನಲ್ಲಿದೆ. ಡಿಸೆಂಬರ್ ಬಂತು ಅಂದರೆ ಇಲ್ಲಿ ಮನೆ ಮನೆಯ ಜಗಲಿ ಮೇಲೂ ಅವರೆಕಾಯಿ ಸಿಪ್ಪೆ. ಬೆಳಗ್ಗೆ ಉಪ್ಪಿಟ್ಟಿಗೆ ಅವರೆಕಾಳು, ಮಧ್ಯಾಹ್ನ ಮುದ್ದೆ ಜೊತೆ ಅವರೆಕಾಳು ಸಾರು, ರಾತ್ರಿ ರೊಟ್ಟಿಗೂ ಅದೇ. ಸಂಕ್ರಾಂತಿ ದಿನವಂತೂ ಎರಡು ಹುಗ್ಗಿ ಆಗಲೇಬೇಕು. ಒಂದು ಬೆಲ್ಲದ್ದು, ದೇವರ ಎಡೆಗೆ. ಇನ್ನೊಂದು ಅವರೆಕಾಳು ಹಾಕಿದ ಖಾರದ್ದು. ನಮ್ಮ ಮನೆಯಲ್ಲಿ ಎಲ್ಲರೂ ಹೊಟ್ಟೆ ತುಂಬಾ ತಿನ್ನುವುದು ಎರಡನೆಯದನ್ನೇ.

2022ರ ದೀಪಾವಳಿ ಹೊತ್ತಿಗೆ ನಮ್ಮ ಯಜಮಾನರಿಗೆ ಸಕ್ಕರೆ ಕಾಯಿಲೆ ಇರುವುದು ಗೊತ್ತಾಯಿತು. ರಕ್ತದಲ್ಲಿನ ಸಕ್ಕರೆಯ ಮೂರು ತಿಂಗಳ ಸರಾಸರಿ ಹೇಳುವ ಪರೀಕ್ಷೆಯಲ್ಲಿ (HbA1c) 7.6 ಬಂದಿತ್ತು. 6.5 ಮುಟ್ಟಿದರೆ ಸಕ್ಕರೆ ಕಾಯಿಲೆ ಎಂದು ಲೆಕ್ಕವಂತೆ. ಡಾಕ್ಟರು ಮಾತ್ರೆ ಬರೆದರು, ದಿನಾ ನಡೆಯಿರಿ ಎಂದರು, ಅನ್ನ ಕಡಿಮೆ ಮಾಡಿ ಎಂದರು. ದಿನದ ಅಡುಗೆಗೆ ಅದು ಸರಿ. ಆದರೆ ಹಬ್ಬದ ದಿನ ಎಲ್ಲರ ಎಲೆಗೂ ಹುಗ್ಗಿ ಬಡಿಸಿ ಇವರೊಬ್ಬರ ಮುಂದೆ ಚಪಾತಿ ಇಡುವುದಕ್ಕೆ ನನಗೆ ಮನಸ್ಸು ಬರಲಿಲ್ಲ. ಎಲ್ಲರೂ ಒಂದೇ ಪಾತ್ರೆಯಿಂದ ತಿನ್ನುವ ಹುಗ್ಗಿಯನ್ನೇ ಬದಲಾಯಿಸಬೇಕು ಅಂತ ಹಟ ಹಿಡಿದೆ.

ಹಳೆಯ ಲೆಕ್ಕ ಹೀಗಿತ್ತು. ಆರು ಜನಕ್ಕೆ ಮೂರು ಪಾವು ಅಕ್ಕಿ, ಅರ್ಧ ಪಾವು ಹೆಸರುಬೇಳೆ, ಒಂದು ಪಾವು ಹಸಿ ಅವರೆಕಾಳು. ನಮ್ಮ ಮನೆಯ ಪಾವಿಗೆ ಸುಮಾರು 200 ಗ್ರಾಂ ಅಕ್ಕಿ ಹಿಡಿಯುತ್ತದೆ. ಮೇಲೆ ಒಂದು ಸಣ್ಣ ಲೋಟ ತುಪ್ಪ, ಅರ್ಧ ಬಟ್ಟಲು ಕೊಬ್ಬರಿ. ಜೊತೆಗೆ ಹುಣಸೆ ಗೊಜ್ಜು, ಅದರಲ್ಲೂ ಬೆಲ್ಲ. ಇದನ್ನು ಮೊದಲ ಸಲ ಕಾಗದದ ಮೇಲೆ ಬರೆದು ನೋಡಿದಾಗ ಒಂದು ವಿಷಯ ಕಣ್ಣಿಗೆ ಬಿತ್ತು. ಹೆಸರು ಅವರೆಕಾಳು ಹುಗ್ಗಿ, ತಿನ್ನುತ್ತಿರುವುದು ಅನ್ನ.

ಆದರೆ ಆಗ ಅದು ತಲೆಗೆ ಹೋಗಲಿಲ್ಲ. 2023 ವಿಶ್ವಸಂಸ್ಥೆ ಸಾರಿದ ಸಿರಿಧಾನ್ಯ ವರ್ಷ. ಎಲ್ಲಿ ನೋಡಿದರೂ ಸಿರಿಧಾನ್ಯದ ಮಾತು. ಅಕ್ಕಿ ತೆಗೆದು ಸಿರಿಧಾನ್ಯ ಹಾಕಿದರೆ ಮುಗಿಯಿತು ಅಂದುಕೊಂಡೆ. ಆ ಸಂಕ್ರಾಂತಿಗೆ ಮೂರು ಪಾವು ಅಕ್ಕಿ ಜಾಗಕ್ಕೆ ಮೂರು ಪಾವು ನವಣೆ ಹಾಕಿದೆ. ನೆನೆಸಲಿಲ್ಲ. ನೀರು ಅಕ್ಕಿಗೆ ಇಟ್ಟಷ್ಟೇ. ಒಲೆಯಿಂದ ಇಳಿಸಿದಾಗ ನೋಡಲು ಚೆನ್ನಾಗೇ ಇತ್ತು. ಪೂಜೆ ಮುಗಿಸಿ ಎಲೆ ಹಾಕುವ ಹೊತ್ತಿಗೆ ಸೌಟು ನೆಟ್ಟಗೆ ನಿಲ್ಲುವಷ್ಟು ಗಟ್ಟಿಯಾಗಿತ್ತು. ಕಾಳು ನುಣ್ಣಗೆ ಬೆಂದಿದ್ದರೂ ನವಣೆ ಹಲ್ಲಿಗೆ ತರಿ ತರಿ ಸಿಗುತ್ತಿತ್ತು. ಮಕ್ಕಳು ಮೊಸರು ಕಲಸಿಕೊಂಡು ಹೇಗೋ ತಿಂದರು.

ನಮ್ಮ ಅತ್ತೆ ಎರಡು ತುತ್ತು ತಿಂದು ಕೈ ತೊಳೆದರು. ಆಮೇಲೆ ಹಿತ್ತಿಲಲ್ಲಿ ಪಾತ್ರೆ ಉಜ್ಜುವಾಗ ಹತ್ತಿರ ಬಂದು, "ಹಬ್ಬದ ದಿನಾನೂ ನವಣೇನಾ ಮಗಾ? ನಾವು ಚಿಕ್ಕೋರಿದ್ದಾಗ ವರ್ಷವೆಲ್ಲಾ ಸಾಮೆ, ಆರಕ, ರಾಗೀನೇ ತಿಂದಿದ್ದು. ಅಕ್ಕಿ ಮುಖ ನೋಡಬೇಕಂದ್ರೆ ಹಬ್ಬ ಬರಬೇಕಿತ್ತು" ಅಂದರು. ಕೋಪ ಇರಲಿಲ್ಲ ಆ ಮಾತಲ್ಲಿ. ನನಗೆ ಮಾತ್ರ ಕರುಳು ಚುರುಕ್ ಅಂದಿತು. ನಾನು ಆರೋಗ್ಯ ಅಂತ ತೆಗೆದು ಹಾಕಿದ್ದು ಅವರಿಗೆ ಹಬ್ಬವೇ ಆಗಿತ್ತು.

ಮುಂದಿನ ವರ್ಷದ ಹೊತ್ತಿಗೆ ಸ್ವಲ್ಪ ಓದಿಕೊಂಡೆ. ಹೈದರಾಬಾದಿನ ರಾಷ್ಟ್ರೀಯ ಪೋಷಣಾ ಸಂಸ್ಥೆ 2017ರಲ್ಲಿ ಹೊರತಂದ ಪಟ್ಟಿ ನೋಡಿದರೆ, 100 ಗ್ರಾಂ ಬಿಳಿ ಅಕ್ಕಿಯಲ್ಲಿ ನಾರು 3 ಗ್ರಾಮಿಗಿಂತ ಕಡಿಮೆ. ಸಾಮೆಯಲ್ಲಿ 7ಕ್ಕಿಂತ ಜಾಸ್ತಿ. ಒಳ್ಳೆಯದೇ. ಆದರೆ ಅಕ್ಕಿಯಲ್ಲಿ ಕಾರ್ಬೋಹೈಡ್ರೇಟ್ 78 ಗ್ರಾಂ ಇದ್ದರೆ ಸಾಮೆಯಲ್ಲೂ 65ರ ಆಸುಪಾಸು ಇದೆ. ಅಂದರೆ ಎರಡು ತಟ್ಟೆ ಸಾಮೆ ತಿಂದರೆ ಸಕ್ಕರೆ ಏರದೆ ಇರುತ್ತದೆಯೇ? ಏರುತ್ತದೆ. ಆಗ ಹಿಂದಿನ ವರ್ಷದ ಆ ಕಾಗದ ನೆನಪಾಯಿತು. ಬದಲಾಗಬೇಕಿದ್ದದ್ದು ಧಾನ್ಯದ ಹೆಸರಲ್ಲ, ಧಾನ್ಯಕ್ಕೂ ಕಾಳಿಗೂ ಇರುವ ಅಳತೆ. ಕಾಳಿನಲ್ಲಿ ನಾರೂ ಇದೆ, ಪ್ರೋಟೀನೂ ಇದೆ. ಹೊಟ್ಟೆ ಬೇಗ ತುಂಬುತ್ತದೆ, ಪಿಷ್ಟ ನಿಧಾನವಾಗಿ ಕರಗುತ್ತದೆ.

ಈಗಿನ ನನ್ನ ಅಳತೆ ಆರು ಜನಕ್ಕೆ ಇದು: ಸಾಮೆ ಒಂದು ಪಾವು, ಹೆಸರುಬೇಳೆ ಅರ್ಧ ಪಾವು, ಹಸಿ ಅವರೆಕಾಳು ಮೂರು ಪಾವು, ಅಕ್ಕಿ ಒಂದು ಹಿಡಿ. ಸಬ್ಬಸಿಗೆ ಸೊಪ್ಪು ಒಂದು ದೊಡ್ಡ ಕಟ್ಟು. ಆ ಒಂದು ಹಿಡಿ ಅಕ್ಕಿ ಅತ್ತೆಗೋಸ್ಕರ. ಹುಗ್ಗಿಗೆ ಅಂಟು ಬರುವುದಕ್ಕೂ ಅದು ಬೇಕು ಅಂತ ಆಮೇಲೆ ಗೊತ್ತಾಯಿತು.

ಕಾಯಿ ಆರಿಸುವುದರಿಂದಲೇ ಶುರು ಮಾಡಬೇಕು. ನಮ್ಮ ಕಡೆ ಅವರೆಕಾಯಿಯನ್ನು ಕಣ್ಣಿಂದ ಅಲ್ಲ, ಮೂಗಿಂದ ಕೊಳ್ಳುತ್ತೇವೆ. ಸಂತೆಯಲ್ಲಿ ರಾಶಿಗೆ ಕೈ ಹಾಕಿ ಒಂದು ಹಿಡಿ ಎತ್ತಿ ಮೂಸಿದರೆ ಸೊಗಡು ಮೂಗಿಗೆ ಹೊಡೆಯಬೇಕು. ಕಾಯಿ ಮುಟ್ಟಿದರೆ ಬೆರಳಿಗೆ ಎಣ್ಣೆ ಎಣ್ಣೆಯಾಗಿ ಅಂಟಬೇಕು. ಒಂದು ಮೊರ ಕಾಯಿ ಬಿಡಿಸಿದರೆ ಸೋಪು ಹಾಕಿ ತೊಳೆದರೂ ಸಂಜೆವರೆಗೆ ಆ ವಾಸನೆ ಕೈ ಬಿಡುವುದಿಲ್ಲ. ಬೆಂಗಳೂರು ಕೃಷಿ ವಿಶ್ವವಿದ್ಯಾಲಯದವರು ತಂದ ಹೆಬ್ಬಾಳ ತಳಿಗಳಿಂದ ಈಗ ವರ್ಷವಿಡೀ ಅವರೆಕಾಯಿ ಸಿಗುತ್ತದೆ, ರೈತರಿಗೆ ಅನುಕೂಲ. ಆದರೆ ಹಗಲು ಚಿಕ್ಕದಾದಾಗ ಮಾತ್ರ ಹೂ ಬಿಡುವ ನಾಟಿ ಅವರೆ, ಚಳಿಯಲ್ಲಿ ಮಂಜು ಕುಡಿದು ಬಲಿತರೆ ಬರುವ ಸೊಗಡೇ ಬೇರೆ. ಈ ಸೊಗಡಿನ ಮಾತು ಸುಮ್ನೆ ಹೇಳುತ್ತಿಲ್ಲ. ಕಾಳಿನಲ್ಲೇ ಅಷ್ಟು ಪರಿಮಳ ಇದ್ದರೆ ತುಪ್ಪ, ಕೊಬ್ಬರಿ, ಉಪ್ಪು ಮೂರನ್ನೂ ಇಳಿಸಬಹುದು. ಸೊಗಡಿಲ್ಲದ ಕಾಳಿನಲ್ಲಿ ಮಾಡಿದ ದಿನ ನನಗೇ ಸಪ್ಪೆ ಅನ್ನಿಸಿದೆ.

ಕಾಳನ್ನು ಹಿದುಕಬೇಡಿ. ಹಿದುಕಿದ ಬೇಳೆ ಸಾರಿನ ರುಚಿಗೆ ನಾನೂ ಸೋಲುತ್ತೇನೆ, ಆದರೆ ಸಿಪ್ಪೆ ತೆಗೆದರೆ ನಾರಿನ ದೊಡ್ಡ ಪಾಲು ಕಸದ ಬುಟ್ಟಿಗೆ ಹೋಗುತ್ತದೆ. ಹುಗ್ಗಿಗೆ ಸಿಪ್ಪೆ ಸಮೇತ ಇರಲಿ. ಎಳೆಯದೂ ಅಲ್ಲದ, ತೀರಾ ಬಲಿತದ್ದೂ ಅಲ್ಲದ ಕಾಳು ಆದರೆ ಸಿಪ್ಪೆ ಬಾಯಿಗೆ ಸಿಗುವುದಿಲ್ಲ. ಹಸಿ ಕಾಳು ಇಲ್ಲದ ಕಾಲದಲ್ಲಿ ಒಣ ಅವರೆ ಹಾಕುವುದಾದರೆ ರಾತ್ರಿಯೆಲ್ಲಾ ನೆನೆಸಿ, ಆ ನೀರು ಚೆಲ್ಲಿ, ಹೊಸ ನೀರಿನಲ್ಲಿ ಚೆನ್ನಾಗಿ ಕುದಿಸಿ ಬೇಯಿಸಲೇಬೇಕು. ಒಣ ಅವರೆ ಅರೆಬೆಂದರೆ ಹೊಟ್ಟೆ ಕೆಡುತ್ತದೆ.

ಸಾಮೆ ನನಗೆ ಮಧುಗಿರಿ ಕಡೆಯ ಚಿಕ್ಕಮ್ಮನ ಮನೆಯಿಂದ ಬರುತ್ತದೆ. ಅಂಗಡಿಯಲ್ಲಿ ತರುವವರು ಬೆಳ್ಳಗೆ ಹೊಳೆಯುವ ಸಾಮೆ ತರಬೇಡಿ, ಅದನ್ನು ಪಾಲಿಶ್ ಮಾಡಿರುತ್ತಾರೆ. ತವುಡು ಹೋದ ಮೇಲೆ ಅಕ್ಕಿ ಬಿಟ್ಟು ಅದಕ್ಕೆ ಬಂದು ಏನು ಪ್ರಯೋಜನ? ಸ್ವಲ್ಪ ಮಾಸಲು ಬಣ್ಣದ್ದು ಒಳ್ಳೆಯದು. ತವುಡು ಇರುವ ಸಾಮೆ ಬೇಗ ಕಮಟು ಹಿಡಿಯುತ್ತದೆ, ಒಂದೆರಡು ಕೆ.ಜಿ.ಗಿಂತ ಜಾಸ್ತಿ ತಂದಿಡಬೇಡಿ. ಸಣ್ಣ ಕಲ್ಲು ಇರುತ್ತದೆ. ಮೊರದಲ್ಲಿ ಕೇರಿ, ಆಮೇಲೆ ಎರಡು ಪಾತ್ರೆಯಲ್ಲಿ ನೀರು ಹಾಕಿ ಜಾಲಿಸಿ. ಒಂದು ಗಂಟೆಯಾದರೂ ನೆನೆಯಲಿ.

ನಾನು ಕುಕ್ಕರ್ ಬಿಟ್ಟು ತಪ್ಪಲೆಯಲ್ಲೇ ಮಾಡುತ್ತೇನೆ. ಕುಕ್ಕರಿನಲ್ಲಿ ಸಾಮೆ ಒಂದು ಕೂಗು ಜಾಸ್ತಿಯಾದರೂ ಅಂಬಲಿ. ಮೊದಲು ಅವರೆಕಾಳನ್ನು ಬೇರೆ ಪಾತ್ರೆಯಲ್ಲಿ, ಮುಳುಗುವಷ್ಟು ನೀರು ಹಾಕಿ ಬೇಯಿಸಿಕೊಳ್ಳಿ. ಬೆರಳಲ್ಲಿ ಒತ್ತಿದರೆ ಹಿಟ್ಟಾಗಬೇಕು, ಆಕಾರ ಕೆಡಬಾರದು. ಕಾಳು ಬೆಂದ ಆ ನೀರು, ಅಂದರೆ ಕಟ್ಟು, ಚೆಲ್ಲಬೇಡಿ. ಕಟ್ಟೂ ನೀರೂ ಸೇರಿ ಆರು ಪಾವು ಎಸರಿಡಿ. ಎಸರು ಕಾದಾಗ ಘಮ್ಮೆನ್ನುವಂತೆ ಹುರಿದ ಹೆಸರುಬೇಳೆ ಮತ್ತು ಆ ಹಿಡಿ ಅಕ್ಕಿ ಮೊದಲು ಹೋಗಬೇಕು. ಅವು ಅರ್ಧ ಬೆಂದ ಮೇಲೆ ನೆನೆದ ಸಾಮೆ. ಎಲ್ಲ ಒಟ್ಟಿಗೆ ಹಾಕಿದರೆ ಬೇಳೆ ಬೇಯುವಷ್ಟರಲ್ಲಿ ಸಾಮೆ ಕರಗಿಹೋಗುತ್ತದೆ. ಉರಿ ಸಣ್ಣ ಮಾಡಿದರೆ ಸಾಮೆ ಹನ್ನೆರಡು, ಹದಿನೈದು ನಿಮಿಷದಲ್ಲಿ ಆಗುತ್ತದೆ. ಆಗ ಕಾಳು, ಹೆಚ್ಚಿದ ಸಬ್ಬಸಿಗೆ ಸೊಪ್ಪು, ಜಜ್ಜಿದ ಶುಂಠಿ ಹಾಕಿ ಎರಡು ಕುದಿ. ನೋಡಲು ಪಾಯಸದ ಹಾಗೆ ತೆಳ್ಳಗೆ ಇರಬೇಕು. ಇದೇನು ನೀರಾಯಿತಲ್ಲ ಅಂತ ಅನ್ನಿಸಿದರೆ ಹದ ಸರಿ ಇದೆ ಎಂದರ್ಥ. ಎಲೆಗೆ ಬರುವಷ್ಟರಲ್ಲಿ ಅದೇ ಗಟ್ಟಿಯಾಗುತ್ತದೆ. ಒಲೆ ಪಕ್ಕದಲ್ಲಿ ಒಂದು ಚೊಂಬು ಬಿಸಿನೀರು ಯಾವಾಗಲೂ ಇಟ್ಟುಕೊಂಡಿರುತ್ತೇನೆ.

ಒಗ್ಗರಣೆಗೆ ಆರು ಟೀ ಚಮಚ ತುಪ್ಪ, ತಲೆಗೆ ಒಂದರ ಲೆಕ್ಕ. ಒಂದು ಚಮಚಕ್ಕೆ ಸುಮಾರು 45 ಕ್ಯಾಲೊರಿ. ತುಪ್ಪ ಪೂರ್ತಿ ಬಿಡುವುದು ನನಗೆ ಒಪ್ಪಿಗೆಯಿಲ್ಲ, ಜೀರಿಗೆ ಮೆಣಸು ತುಪ್ಪದಲ್ಲಿ ಸಿಡಿಯದಿದ್ದರೆ ಅದು ಹುಗ್ಗಿಯೇ ಅಲ್ಲ. ಕಾಳುಮೆಣಸನ್ನು ಜಜ್ಜಿ ಹಾಕಿದರೆ ಸ್ವಲ್ಪದಲ್ಲೇ ಖಾರ ಬರುತ್ತದೆ. ಇಂಗು, ಕರಿಬೇವು ಧಾರಾಳವಾಗಿರಲಿ. ಉಪ್ಪು ಕೊನೆಗೆ, ಮೊದಲಿಗಿಂತ ಮುಕ್ಕಾಲು ಪಾಲು ಮಾತ್ರ, ಇಳಿಸಿದ ಮೇಲೆ ಅರ್ಧ ನಿಂಬೆಹಣ್ಣು. ಹುಳಿ ಬಿದ್ದರೆ ಉಪ್ಪು ಕಡಿಮೆಯಾದದ್ದು ಗೊತ್ತೇ ಆಗುವುದಿಲ್ಲ. ದಿನಕ್ಕೆ 5 ಗ್ರಾಮಿಗಿಂತ ಕಡಿಮೆ ಉಪ್ಪು ಸಾಕು ಎನ್ನುತ್ತದೆ ವಿಶ್ವ ಆರೋಗ್ಯ ಸಂಸ್ಥೆ. ನಮ್ಮ ಉಪ್ಪಿನಕಾಯಿ, ಸಂಡಿಗೆ ಎಲ್ಲ ಸೇರಿದರೆ ಹಬ್ಬದ ದಿನ ಅದು ಯಾವಾಗಲೋ ದಾಟಿರುತ್ತದೆ. ಗೊಜ್ಜಿನ ಬದಲು ಈಗ ಮೂಲಂಗಿ ಹಾಕಿದ ಮೊಸರು ಬಜ್ಜಿ ಮಾಡುತ್ತೇನೆ. ಕಾಳು ಜಾಸ್ತಿ ಅಲ್ವಾ, ವಾಯು ಆಗುವವರಿಗೆ ರಾತ್ರಿ ಬೇಡ, ಮಧ್ಯಾಹ್ನವೇ ಬಡಿಸಿ.

ಸಿಹಿ ಹುಗ್ಗಿ ವಿಷಯ ಚಿಕ್ಕದು. ಅದರ ರುಚಿ ಬದಲಾಯಿಸಲು ಹೋಗಲಿಲ್ಲ, ಮಾಡುವುದೇ ಕಡಿಮೆ ಮಾಡಿದೆ. ಬೆಲ್ಲ ಸಕ್ಕರೆಗಿಂತ ಒಳ್ಳೆಯದು ಅಂತ ತುಂಬಾ ಜನ ನಂಬಿಕೊಂಡಿದ್ದಾರೆ, ನಾನೂ ನಂಬಿದ್ದೆ. ರಕ್ತದಲ್ಲಿ ಏರುವ ವಿಷಯದಲ್ಲಿ ಎರಡೂ ಒಂದೇ. ಹಾಗಾಗಿ ಎಡೆಗೆ ಬೇಕಾದಷ್ಟು, ಆಮೇಲೆ ಒಬ್ಬೊಬ್ಬರಿಗೆ ಎರಡು ಚಮಚ ಪ್ರಸಾದ. ಅದೂ ಊಟದ ಕೊನೆಗೆ.

ನಮ್ಮ ಯಜಮಾನರು ಊಟ ಶುರು ಮಾಡಿದ ಎರಡು ಗಂಟೆಗೆ ಮನೆಯಲ್ಲೇ ಬೆರಳು ಚುಚ್ಚಿ ನೋಡುತ್ತಾರೆ. ನವಣೆ ಹುಗ್ಗಿ ತಿಂದ ಆ 2023ರ ಹಬ್ಬದ ದಿನ 231 ಇತ್ತು. 2025ರ ಸಂಕ್ರಾಂತಿಗೆ 164. ಅಷ್ಟರಲ್ಲಿ ಅವರು ದಿನಾ ನಡೆಯುತ್ತಿದ್ದರು, ಮಾತ್ರೆಯೂ ಇತ್ತು, ಹುಗ್ಗಿಯೊಂದರಿಂದಲೇ ಇಳಿಯಿತು ಅಂತ ನಾನು ಹೇಳುವುದಿಲ್ಲ. ಊಟ ಬದಲಾಯಿಸಿದೆವು ಅಂತ ಮಾತ್ರೆ ಬಿಡುವ ಕೆಲಸ ಯಾರೂ ಮಾಡಬೇಡಿ. ನನಗೆ ಸಮಾಧಾನ ಕೊಟ್ಟಿದ್ದು ಬೇರೆ. ಅವತ್ತು ಅವರು ಎರಡನೇ ಸಲ ಹಾಕು ಅಂತ ಕೇಳಲಿಲ್ಲ, "ಹೊಟ್ಟೆ ತುಂಬಿತು ಕಣೆ" ಅಂದರು.

ಈ ಸಲ ಅತ್ತೆ ಬೆಳಗ್ಗೆಯೇ ಸ್ನಾನ ಮುಗಿಸಿ ಅಡುಗೆಮನೆಗೆ ಬಂದರು. ಎಸರು ಮರಳುತ್ತಿತ್ತು. ಡಬ್ಬಿಯಿಂದ ಒಂದು ಹಿಡಿ ಅಕ್ಕಿ ತೆಗೆದು, ಕಣ್ಣಿಗೊತ್ತಿಕೊಂಡು, ತಪ್ಪಲೆಗೆ ತಾವೇ ಬಿಟ್ಟರು. ಆಮೇಲೆ ನೆನೆಸಿಟ್ಟ ಸಾಮೆಯನ್ನು ಬೆರಳಲ್ಲಿ ಉಜ್ಜಿ ನೋಡಿ, "ಇನ್ನೂ ಸ್ವಲ್ಪ ನೆನೀಲಿ, ಕಾಳು ಬೇಯೋದ್ರೊಳಗೆ ಸರಿಹೋಗ್ತದೆ" ಅಂತ ಹೇಳಿ ಸಬ್ಬಸಿಗೆ ಸೊಪ್ಪು ಬಿಡಿಸಲು ಕೂತರು.