ಬಾರ್ಜೆಲ್ಲೊದಲ್ಲಿ ಅಪ್ಪನ ಫೌಂಡ್ರಿ ಕಣ್ಣು

ಫ್ಲಾರೆನ್ಸಿಗೆ ಹೋದವರು ಮೊದಲು ಸಾಲು ನಿಲ್ಲುವುದು ಅಕಾಡೆಮಿಯಾ ಗ್ಯಾಲರಿಯ ಮುಂದೆ. ಮೈಕೆಲ್ಯಾಂಜೆಲೊನ ಡೇವಿಡ್ ಅಲ್ಲಿದೆ, 5.17 ಮೀಟರ್ ಎತ್ತರ. ನೋಡಲೇಬೇಕು, ಅದರಲ್ಲಿ ಎರಡು ಮಾತಿಲ್ಲ. ಆದರೆ ಈ ಶಿಲ್ಪಗಳನ್ನೆಲ್ಲ ಹೇಗಪ್ಪಾ ಮಾಡಿದರು ಅನ್ನುವ ಕುತೂಹಲ ನಿಮಗಿದ್ದರೆ ಹೋಗಬೇಕಾದ ಜಾಗ ಬಾರ್ಜೆಲ್ಲೊ ಅನ್ನುವ ಶಿಲ್ಪಗಳ ಮ್ಯೂಸಿಯಂ. ಅಲ್ಲಿಂದ ಕಾಲು ಗಂಟೆ ನಡೆದರೆ ಸಿಗುತ್ತದೆ. ಜನವೂ ಕಡಿಮೆ.

ನಾನು ಜರ್ಮನಿಯಲ್ಲಿ ಕೆಲಸಕ್ಕಿದ್ದೇನೆ. ಅಪ್ಪ ಬೆಳಗಾವಿಯ ಉದ್ಯಮಬಾಗದ ಒಂದು ಫೌಂಡ್ರಿಯಲ್ಲಿ ದುಡಿದು ರಿಟೈರ್ ಆದವರು. ಚರ್ಚು, ಚಿತ್ರ, ಅರಮನೆ ಅಂದರೆ ಅವರು ಸುಮ್ನೆ ನನ್ನ ಹಿಂದೆ ಬರುತ್ತಾರೆ. ಬೀದಿಯಲ್ಲಿ ಒಂದು ಎರಕದ ಕಂಬ ಕಂಡರೆ ಮಾತ್ರ ನಿಂತುಬಿಡುತ್ತಾರೆ, ಜೋಡಣೆಯ ಗೆರೆ ಎಲ್ಲಿದೆ ಅಂತ ಬೆರಳಲ್ಲಿ ಸವರಿ ನೋಡುತ್ತಾರೆ. ಇಂಥವರನ್ನು ಮೂವತ್ತು ಜನರ ಗುಂಪಿನಲ್ಲಿ, ಕಿವಿಗೆ ಹೆಡ್‌ಫೋನ್ ಸಿಕ್ಕಿಸಿ, ಬಾವುಟದ ಹಿಂದೆ ಓಡಿಸುವುದು ನನಗೆ ಬೇಡವಾಗಿತ್ತು. ಹಾಗಾಗಿ ನಮ್ಮಿಬ್ಬರಿಗೇ ಒಬ್ಬ ಗೈಡನ್ನು ಗೊತ್ತು ಮಾಡಿದೆ. ಇಟಲಿಯಲ್ಲಿ ಮ್ಯೂಸಿಯಂ ತೋರಿಸಲು ಗೈಡುಗಳಿಗೆ ಲೈಸೆನ್ಸ್ ಬೇಕು. ಅದು ಇದೆಯಾ ಅಂತ ಕೇಳುವುದರಲ್ಲಿ ಸಂಕೋಚ ಬೇಡ. ಗೈಡಿನ ದುಡ್ಡು ಬೇರೆ, ಮ್ಯೂಸಿಯಂ ಟಿಕೆಟ್ ಬೇರೆ. ರಜೆಯ ದಿನ, ಮುಚ್ಚುವ ಹೊತ್ತು ಬದಲಾಗುತ್ತಿರುತ್ತವೆ, ಹೊರಡುವ ಮುಂಚೆ ಮ್ಯೂಸಿಯಂ ವೆಬ್‌ಸೈಟಿನಲ್ಲೇ ನೋಡಿಕೊಳ್ಳಿ.

ನಿಜವಾಗಿ ಕೆಲಸಕ್ಕೆ ಬಂದದ್ದು ನಾನು ಆ ಗೈಡಿಗೆ ಮೊದಲೇ ಬರೆದ ಒಂದು ಮೆಸೇಜು. ನಮ್ಮ ತಂದೆ ಎರಕದ ಕೆಲಸದವರು. ಇಂಗ್ಲಿಷ್ ಅಷ್ಟಕ್ಕಷ್ಟೆ, ನಾನು ಕನ್ನಡದಲ್ಲಿ ಹೇಳುತ್ತಾ ಹೋಗಬೇಕು, ಅದಕ್ಕೆ ಬಿಡುವು ಬೇಕು. ಫ್ಲಾರೆನ್ಸನ್ನು ಆಳಿದ ಮೆದಿಚಿ ಮನೆತನದಲ್ಲಿ ಯಾರ ಮಗ ಯಾರು ಅನ್ನುವುದನ್ನು ಬಿಟ್ಟರೂ ನಡೆಯುತ್ತದೆ, ಪ್ರತಿಯೊಂದನ್ನೂ ಹೇಗೆ ಮಾಡಿದರು ಅನ್ನುವುದನ್ನು ಹೇಳಿ. ಇಷ್ಟೇ ಬರೆದಿದ್ದೆ. "ಹಾಗಾದರೆ ಕಡಿಮೆ ಶಿಲ್ಪ ನೋಡೋಣ, ಜಾಸ್ತಿ ಹೊತ್ತು ನಿಲ್ಲೋಣ" ಅಂತ ಉತ್ತರ ಬಂತು. ಅಲ್ಲಿಗೇ ಅರ್ಧ ಕೆಲಸ ಆಯಿತು.

ಕಟ್ಟಡದ ಬಗ್ಗೆ ಆಕೆ ಹೆಚ್ಚು ಎಳೆಯಲಿಲ್ಲ. 1255ರಲ್ಲಿ ಕಟ್ಟಲು ಶುರು ಮಾಡಿದ್ದು. ಆಮೇಲೆ ಪೊಲೀಸ್ ಮುಖ್ಯಸ್ಥನ ಠಾಣೆಯೂ ಜೈಲೂ ಆಯಿತು. ನಾವು ನಿಂತಿದ್ದ ಅಂಗಳದಲ್ಲೇ ಮರಣದಂಡನೆ ನಡೆಯುತ್ತಿತ್ತು, 1786ರಲ್ಲಿ ಅದು ನಿಂತಿತು. 1865ರಿಂದ ಮ್ಯೂಸಿಯಂ. ಅಷ್ಟು ಹೇಳಿ ನೇರ ನೆಲಮಹಡಿಯ ದೊಡ್ಡ ಕೋಣೆಗೆ ಕರೆದುಕೊಂಡು ಹೋದರು.

ಅಲ್ಲಿ ಮೈಕೆಲ್ಯಾಂಜೆಲೊನ ಬ್ಯಾಕಸ್ ಇದೆ. ಕುಡಿದು ತೂರಾಡುತ್ತಿರುವ ಮದ್ಯದ ದೇವರು, ಕೈಯಲ್ಲಿ ಬಟ್ಟಲು, ಹಿಂದೆ ದ್ರಾಕ್ಷಿ ಕದ್ದು ತಿನ್ನುತ್ತಿರುವ ಒಬ್ಬ ಪುಟ್ಟ ಸೇಟರ್, ಅಂದರೆ ಮೇಕೆಗಾಲಿನ ಕಾಡುದೇವತೆ. 1496ರಲ್ಲಿ ಕೆಲಸ ಹಿಡಿದಾಗ ಶಿಲ್ಪಿಗೆ 21 ವರ್ಷ. ಮಾಡಿಸಿದ ಕಾರ್ಡಿನಲ್ ರಿಯಾರಿಯೊ ಬೇಡ ಅಂದುಬಿಟ್ಟ, ಕೊನೆಗೆ ಒಬ್ಬ ಬ್ಯಾಂಕರನ ತೋಟ ಸೇರಿತು. ಗೈಡ್ ಮುಖದ ಬಗ್ಗೆ ಏನೂ ಹೇಳಲಿಲ್ಲ. "ಕಾಲಿನಿಂದ ಶುರು ಮಾಡಿ" ಅಂದರು.

ಅಪ್ಪ ಬಗ್ಗಿ ನೋಡಿದರು. "ಈ ಮರದ ಬೊಡ್ಡಿ ಯಾಕ ಬಿಟ್ಟಾನ? ಬಾಯಾರಿಗೆ ಕೇಳು."

ಆಕೆ ಕಾಯುತ್ತಿದ್ದದ್ದೂ ಅದೇ ಪ್ರಶ್ನೆಗೆ ಅಂತ ಕಾಣುತ್ತದೆ. ಅಮೃತಶಿಲೆ ತಲೆ ಮೇಲೆ ಎಷ್ಟು ಭಾರ ಹೇರಿದರೂ ತಡೆಯುತ್ತದೆ, ಬಾಗಿಸಿದರೆ, ಎಳೆದರೆ ಮುರಿಯುತ್ತದೆ. ಇಡೀ ಮೈಯ ತೂಕ ಎರಡು ತೆಳ್ಳನೆಯ ಕಣಕಾಲಿನ ಮೇಲೆ ಬೀಳುತ್ತದೆ. ಅದರಲ್ಲೂ ಈ ಬ್ಯಾಕಸ್ ಒಂದು ಕಡೆ ವಾಲಿದ್ದಾನೆ. ಅದಕ್ಕೇ ಕಾಲಿನ ಪಕ್ಕ ಒಂದು ಬೊಡ್ಡೆ ಬೇಕು. ಅಕಾಡೆಮಿಯಾದ ಡೇವಿಡ್ಡಿಗೂ ಬಲಗಾಲಿನ ಹಿಂದೆ ಬೊಡ್ಡೆ ಇದೆ. ಅದಿದ್ದೂ ಕಾಲಿನ ಕೆಳಭಾಗದಲ್ಲಿ ಸಣ್ಣ ಬಿರುಕುಗಳು ಬಿಟ್ಟಿವೆ. ಇಲ್ಲಿ ಜಾಣತನ ಏನೆಂದರೆ ಬೊಡ್ಡೆಯ ಮೇಲೆ ಸೇಟರನನ್ನು ಕೂರಿಸಿದ್ದು. ಆಸರೆಯೂ ಆಯಿತು, ಕಥೆಯೂ ಆಯಿತು. ಮುಂದೆ ನಿಂತವರಿಗೆ ಅವನು ಪೂರ್ತಿ ಕಾಣುವುದಿಲ್ಲ, ಸುತ್ತು ಹಾಕಲೇಬೇಕು. ನಾವು ಹಾಕಿದೆವು. ಒಂದೊಂದು ಕಡೆಯಿಂದ ಒಂದೊಂದು ಥರ ತೂರಾಡುತ್ತಾನೆ.

ಅದೇ ಕೋಣೆಯಲ್ಲಿ ಜಾಂಬೊಲೋನ್ಯಾ ಅನ್ನುವ ಶಿಲ್ಪಿಯ ಕಂಚಿನ ಮರ್ಕ್ಯುರಿ, ದೇವತೆಗಳ ದೂತ. ಒಂದೇ ಪಾದದ ತುದಿಯಲ್ಲಿ ನಿಂತು, ಕೈ ಮೇಲಕ್ಕೆ ಚಾಚಿ, ಹಾರುವುದರಲ್ಲಿದ್ದಾನೆ. ಕಾಲಡಿಗೆ ಇರುವುದು ಗಾಳಿದೇವರ ಬಾಯಿಂದ ಹೊರಟ ಉಸಿರು ಮಾತ್ರ. ಇದನ್ನು ಕಲ್ಲಿನಲ್ಲಿ ಮಾಡಲು ಹೋದರೆ ಕಣಕಾಲು ಉಳಿಯುವುದಿಲ್ಲ. ಕಂಚು ಬಾಗಿದರೂ ಹಿಡಿದುಕೊಳ್ಳುತ್ತದೆ. ಒಳಗೆ ಟೊಳ್ಳು ಬಿಡಬಹುದು, ತೂಕ ಇಳಿಯುತ್ತದೆ.

ಟೊಳ್ಳು ಅಂದಿದ್ದೇ ತಡ, ಅಪ್ಪನಿಗೆ ಜೀವ ಬಂತು. "ಟೊಳ್ಳ ಐತಿ ಅಂದ್ರ ಕೋರ್ ಇರಬೇಕಲ್ಲೋ. ಮೇಣ ಕರಗಿ ಹೋದಮ್ಯಾಲ ಕೋರ್ ಯಾವುದರ ಮ್ಯಾಲ ನಿಲ್ತೈತಿ?"

ಅವರು ಜೀವನವಿಡೀ ಮಾಡಿದ್ದು ಮರಳಿನ ಅಚ್ಚಿನ ಎರಕ. ಇಲ್ಲಿನದು ಮೇಣದ ಎರಕ. ನಡುವೆ ಮಣ್ಣಿನ ಕೋರ್, ಅಂದರೆ ತಿರುಳು, ಅದರ ಮೇಲೆ ಮೇಣ, ಹೊರಗೆ ಮತ್ತೆ ಮಣ್ಣು. ಕಾಯಿಸಿದರೆ ಮೇಣ ಹರಿದು ಹೋಗುತ್ತದೆ, ಆ ಸಂದಿಗೆ ಲೋಹ ಹೊಯ್ಯುತ್ತಾರೆ. ಕೋರ್ ಅಲುಗಾಡದಂತೆ ಒಳಗಿನಿಂದ ಹೊರ ಅಚ್ಚಿನವರೆಗೆ ಲೋಹದ ಮೊಳೆ ಚುಚ್ಚಿರುತ್ತಾರೆ, ಎರಕ ಆದ ಮೇಲೆ ಆ ತೂತು ಮುಚ್ಚುತ್ತಾರೆ. ನಾನು ಇದನ್ನು ಕನ್ನಡದಲ್ಲಿ ಹೇಳಿ ಮುಗಿಸುವ ಮುಂಚೆಯೇ ಅಪ್ಪ, "ಹಾಂ, ಚಾಪ್ಲೆಟ್!" ಅಂದರು. ಕೋರ್ ಹಿಡಿದಿಡುವ ಆಸರೆಗೆ ಫೌಂಡ್ರಿಯವರು ಹೇಳುವ ಹೆಸರು ಅದು. ಗೈಡ್ ನನ್ನ ಕಡೆ ನೋಡಿ ನಕ್ಕು, "ಇದಕ್ಕೆ ಅನುವಾದ ಬೇಡ" ಅಂದರು. ಅಲ್ಲಿಂದ ಮುಂದೆ ನನ್ನ ಕೆಲಸ ಕಡಿಮೆಯಾಯಿತು. ಇಬ್ಬರೂ ಕೈಸನ್ನೆಯಲ್ಲೇ ಮಾತಾಡತೊಡಗಿದರು.

ಶಿಲ್ಪಿ ಚೆಲ್ಲಿನಿ ಮಾಡಿದ, ಗ್ರೀಕ್ ಪುರಾಣದ ವೀರ ಪರ್ಸಿಯಸ್ಸಿನ ಪುಟ್ಟ ಮಾದರಿಗಳ ಮುಂದೆ ನಾವು ಎಲ್ಲಕ್ಕಿಂತ ಜಾಸ್ತಿ ಹೊತ್ತು ನಿಂತೆವು. ಒಂದು ಮೇಣದ್ದು, ಒಂದು ಕಂಚಿನದು. ದೊಡ್ಡ ಮೂರ್ತಿ ಹೊರಗೆ ಸಿನ್ಯೋರಿಯಾ ಚೌಕದಲ್ಲಿದೆ. ಅದನ್ನು ಎರಕ ಹೊಯ್ದ ಕಥೆಯನ್ನು ಚೆಲ್ಲಿನಿ ತಾನೇ ಬರೆದಿಟ್ಟಿದ್ದಾನೆ. ಆತ ಬಡಾಯಿ ಮನುಷ್ಯ, ಎಷ್ಟು ನಂಬಬೇಕೋ ಅಷ್ಟು ನಂಬಿ. 1549ರ ಆ ರಾತ್ರಿ ಅವನಿಗೆ ಜ್ವರ, ಹಾಸಿಗೆ ಹಿಡಿದಿದ್ದ. ಇತ್ತ ಕುಲುಮೆಯಲ್ಲಿ ಲೋಹ ಗಟ್ಟಿಯಾಗತೊಡಗಿತು. ಎದ್ದು ಬಂದು ಬೆಂಕಿ ಹೆಚ್ಚಿಸಿದ, ಮನೆಯಲ್ಲಿದ್ದ ತವರದ ತಟ್ಟೆ ಬಟ್ಟಲು ಸುಮಾರು 200 ತರಿಸಿ ಒಳಗೆ ಹಾಕಿಸಿದ. ಲೋಹ ಹರಿಯಿತು.

ನನಗೆ ಇದು ಬರೀ ನಾಟಕೀಯ ಕಥೆ. ಅಪ್ಪನಿಗೆ ಲೆಕ್ಕ. ತಾಮ್ರಕ್ಕೆ ತವರ ಸೇರಿದರೆ ಕಡಿಮೆ ಕಾವಿಗೇ ಕರಗುತ್ತದೆ, ಸಂದಿಗೊಂದಿಗೂ ಹರಿಯುತ್ತದೆ. "ಸರಿ ಮಾಡ್ಯಾನ. ಆದ್ರ ತುದಿ ತುಂಬಿರಾಂಗಿಲ್ಲ" ಅಂದರು. ಗೈಡ್ ಕಣ್ಣರಳಿಸಿದರು. ಬಲಗಾಲಿನ ಬೆರಳುಗಳ ಹತ್ತಿರ ಲೋಹ ತುಂಬಿರಲಿಲ್ಲ, ಅಷ್ಟನ್ನು ಆಮೇಲೆ ಸರಿಮಾಡಬೇಕಾಯಿತು ಅಂತ ಚೆಲ್ಲಿನಿಯೇ ಬರೆದಿದ್ದಾನಂತೆ.

ಮೇಲಿನ ಮಹಡಿಗೆ ಹೋಗುವ ದಾರಿಯ ಲೋಜಿಯಾದಲ್ಲಿ, ಅಂದರೆ ಕಮಾನುಗಳ ತೆರೆದ ಪಡಸಾಲೆಯಲ್ಲಿ, ಜಾಂಬೊಲೋನ್ಯಾನ ಕಂಚಿನ ಹಕ್ಕಿಗಳಿವೆ. ಅದರಲ್ಲೊಂದು ಟರ್ಕಿ ಕೋಳಿ. ಅಮೆರಿಕದಿಂದ ಬಂದ ಆ ಹಕ್ಕಿ ಆಗಿನ್ನೂ ಹೊಸದು. ಫೋಟೊ ತೆಗೆದುಕೊಂಡೆವು, ಮುಂದೆ ನಡೆದೆವು.

ಶಿಲ್ಪಿ ದೊನಾತೆಲ್ಲೊನ ಹೆಸರಿನ ಹಾಲ್ ಅಂದರೆ ಈ ಮ್ಯೂಸಿಯಮ್ಮಿನ ಗರ್ಭಗುಡಿ. ಎಲ್ಲರೂ ಮೊದಲು ಹೋಗುವುದು ಕಂಚಿನ ಡೇವಿಡ್ ಹತ್ತಿರ. ನಮ್ಮ ಗೈಡ್ ಮಾತ್ರ ಗೋಡೆಯ ಮೇಲಿನ ಎರಡು ಕಂಚಿನ ಫಲಕಗಳ ಮುಂದೆ ನಿಲ್ಲಿಸಿದರು. 1401ರಲ್ಲಿ ಬ್ಯಾಪ್ಟಿಸ್ಟರಿಯ, ಅಂದರೆ ಕ್ರೈಸ್ತರ ದೀಕ್ಷಾಸ್ನಾನದ ಕಟ್ಟಡದ, ಬಾಗಿಲು ಮಾಡಿಸಲು ಬಟ್ಟೆ ವ್ಯಾಪಾರಿಗಳ ಸಂಘ ಸ್ಪರ್ಧೆ ಇಟ್ಟಿತ್ತು. ಏಳು ಜನ ಸ್ಪರ್ಧಿಸಿದರು, ಉಳಿದಿರುವುದು ಈ ಎರಡೇ. ಒಂದು ಗಿಬೆರ್ಟಿಯದು, ಇನ್ನೊಂದು ಬ್ರುನೆಲೆಸ್ಕಿಯದು. ವಿಷಯ ಒಂದೇ, ಬೈಬಲ್ಲಿನ ಅಬ್ರಹಾಂ ಮಗನನ್ನು ದೇವರಿಗೆ ಬಲಿಕೊಡಲು ಹೊರಟಿದ್ದು. ಬ್ರುನೆಲೆಸ್ಕಿಯದರಲ್ಲಿ ಅಬ್ರಹಾಂ ಮಗನ ಕತ್ತು ಹಿಡಿದಿದ್ದಾನೆ, ದೇವದೂತ ಅವನ ಕೈ ಹಿಡಿದಿದ್ದಾನೆ. ನೋಡಿದರೆ ಎದೆ ಝಲ್ಲೆನ್ನುತ್ತದೆ. ನನ್ನ ಓಟು ಅದಕ್ಕೇ. ಗೆದ್ದದ್ದು ಗಿಬೆರ್ಟಿ.

ಯಾಕೆ ಅನ್ನುವುದಕ್ಕೆ ಕಾರಣ ಹಲವು ಹೇಳುತ್ತಾರೆ. ಗೈಡ್ ಎತ್ತಿದ್ದು ಎರಕದ ಮಾತು. ಬ್ರುನೆಲೆಸ್ಕಿ ದಪ್ಪ ತಗಡಿನ ಮೇಲೆ ಗೊಂಬೆಗಳನ್ನು ಬೇರೆ ಬೇರೆ ಮಾಡಿ ಕೂರಿಸಿದ. ಗಿಬೆರ್ಟಿ ಬಹುಪಾಲು ಒಂದೇ ಎರಕದಲ್ಲಿ, ಹಿಂದೆ ಟೊಳ್ಳು ಬಿಟ್ಟು ಮಾಡಿದ. ಅವನ ಫಲಕ ಸುಮಾರು 7 ಕಿಲೋ ಹಗುರ.

"ಬಾಗಲಿಗೆ ಇಂಥಾವು ಎಷ್ಟು ಬೇಕಿತ್ತು?" ಅಂತ ಅಪ್ಪ ಕೇಳಿದರು. 28, ಅಂದೆ.

"ಇಪ್ಪತ್ತೆಂಟ ಏಳ್ಲೆ ನೂರಾ ತೊಂಬತ್ತಾರು ಕಿಲೋ! ಟೆಂಡರ್ ಯಾರಿಗೆ ಕೊಡ್ತಾರ ನೀನ ಹೇಳು."

ಕಲಾ ಇತಿಹಾಸದವರು ಇದಕ್ಕೆ ಒಪ್ಪುತ್ತಾರೋ ಇಲ್ಲವೋ. ಗೈಡ್ ಅಂತೂ ಆ ಲೆಕ್ಕವನ್ನು ತಮ್ಮ ನೋಟ್‌ಬುಕ್ಕಿನಲ್ಲಿ ಬರೆದುಕೊಂಡರು. ಸೋತ ಬ್ರುನೆಲೆಸ್ಕಿಯೂ ಕೈಕಟ್ಟಿ ಕೂರಲಿಲ್ಲ. ಫ್ಲಾರೆನ್ಸಿನ ದೊಡ್ಡ ಗುಮ್ಮಟ ಅವನದೇ.

ಇದಾದ ಮೇಲೆ ಡೇವಿಡ್‌ಗಳು ಬೇರೆಯೇ ರೀತಿ ಕಂಡವು. ದೊನಾತೆಲ್ಲೊ ಇನ್ನೂ ಹುಡುಗನಾಗಿದ್ದಾಗ, 1408ರಲ್ಲಿ ಹಿಡಿದ ಅಮೃತಶಿಲೆಯ ಡೇವಿಡ್ ಮೈತುಂಬ ಬಟ್ಟೆ ಹೊದ್ದಿದ್ದಾನೆ. ಕಾಲ ನಡುವೆ ಅವನು ಕೊಂದ ದೈತ್ಯ ಗೋಲಿಯಾತನ ತಲೆ. ಆ ತಲೆ, ಆ ಬಟ್ಟೆಯ ಮಡಿಕೆ, ಎರಡೂ ಕಲ್ಲಿಗೆ ಆಸರೆ. ಸುಮಾರು ಮೂವತ್ತು ವರ್ಷ ಬಿಟ್ಟು ಮಾಡಿದ ಕಂಚಿನವನಿಗೆ ಬಟ್ಟೆಯೂ ಇಲ್ಲ, ಬೊಡ್ಡೆಯೂ ಇಲ್ಲ. ಟೋಪಿ, ಬೂಟು, ಕೈಯಲ್ಲಿ ಕತ್ತಿ ಅಷ್ಟೆ. 2007-08ರಲ್ಲಿ ಇದನ್ನು ಇದೇ ಹಾಲಿನಲ್ಲಿ, ಜನರ ಕಣ್ಣೆದುರೇ ಲೇಸರ್ ಹಿಡಿದು ಶುಚಿ ಮಾಡಿದರು. ಕೂದಲಿನಲ್ಲಿ ಚಿನ್ನದ ಲೇಪ ಹಾಗೇ ಉಳಿದಿರುವುದು ಹತ್ತಿರ ಹೋದರೆ ಕಾಣುತ್ತದೆ. ದೊನಾತೆಲ್ಲೊನದೇ ಇನ್ನೊಂದು ಶಿಲ್ಪ, ಯೋಧ ಸಂತ ಸೇಂಟ್ ಜಾರ್ಜನ ಮುಂದೆಯೂ ಕಾಲಿನಿಂದಲೇ ಶುರು ಮಾಡಿದೆವು. ನೆಲಕ್ಕೂರಿದ ಗುರಾಣಿ ಅಲ್ಲಿನ ಆಸರೆ. ಅವನ ತಲೆಯಲ್ಲೂ ಕೈಯಲ್ಲೂ ತೂತುಗಳಿವೆ. ಮಾಡಿಸಿದವರು ಕವಚ, ಆಯುಧ ಮಾಡುವವರ ಸಂಘ. ತಮ್ಮ ಮಾಲನ್ನೇ, ಒಂದು ನಿಜವಾದ ಶಿರಸ್ತ್ರಾಣವನ್ನೂ ಕತ್ತಿಯನ್ನೋ ಈಟಿಯನ್ನೋ, ತೊಡಿಸಿರಬೇಕು. ಜಾಹೀರಾತು ಹೊಸದೇನಲ್ಲ, ಅಲ್ವಾ?

ಎರಡನೇ ಮಹಡಿಯಲ್ಲಿ ಲಿಯೊನಾರ್ಡೊ ದ ವಿಂಚಿಯ ಗುರು ವೆರೊಕ್ಕಿಯೊನ ಡೇವಿಡ್ ಇದೆ. ಮೆದಿಚಿಗಳು ಅದನ್ನು 1476ರಲ್ಲಿ ನಗರದ ಆಡಳಿತಕ್ಕೆ 150 ಫ್ಲೋರಿನ್ ಚಿನ್ನದ ನಾಣ್ಯಕ್ಕೆ ಮಾರಿದರು. ಹುಡುಗ ಲಿಯೊನಾರ್ಡೊನೇ ಮಾಡೆಲ್ ಆಗಿ ನಿಂತಿದ್ದ ಅನ್ನುವ ಮಾತು ಎಲ್ಲ ಗೈಡುಗಳ ಬಾಯಲ್ಲೂ ಇದೆ, ಸಾಕ್ಷಿ ಇಲ್ಲ. ಅಷ್ಟು ಹೊತ್ತಿಗೆ ಅಪ್ಪನ ಮೊಣಕಾಲು ಮಾತಾಡತೊಡಗಿತ್ತು. ಡೆಲ್ಲಾ ರೊಬ್ಬಿಯಾ ಮನೆತನದ ಶಿಲ್ಪಿಗಳ ನೀಲಿ ಬಿಳಿ ಹೊಳಪಿನ ಮಣ್ಣಿನ ಶಿಲ್ಪಗಳನ್ನು ಬೇಗ ಬೇಗ ನೋಡಿದೆವು.

ಗೈಡಿನ ಸಮಯ ಮುಗಿದ ಮೇಲೆ ತಕ್ಷಣ ಹೊರಗೆ ಬರಬೇಡಿ. ನಾವು ಮತ್ತೆ ಕೆಳಗಿಳಿದು ಮೈಕೆಲ್ಯಾಂಜೆಲೊ ಮಾಡಿದ, ಸೀಸರನನ್ನು ಕೊಂದ ಬ್ರೂಟಸ್‌ನ ಮೂರ್ತಿ ನೋಡಿದೆವು. ಅದು ಪೂರ್ತಿಯಾಗದ ಮೂರ್ತಿ, ಮುಖದ ಮೇಲೆ ಹಲ್ಲುಳಿಯ ಗೆರೆಗಳು ಹಾಗೇ ಇವೆ. ಕಲ್ಲಿನ ಕೆಲಸ ಹೇಗೆ ಅನ್ನುವುದಕ್ಕೆ ಬೇರೆ ವಿವರಣೆ ಬೇಕಿಲ್ಲ. ಅಲ್ಲಿಂದ ಚೌಕಕ್ಕೆ ಐದು ನಿಮಿಷ. ಪರ್ಸಿಯಸ್ ನೋಡಲು ಟಿಕೆಟ್ ಬೇಡ. ಪೀಠದಲ್ಲಿರುವ ಪುಟ್ಟ ಮೂರ್ತಿಗಳು ನಕಲು, ಅಸಲಿ ಈಗಷ್ಟೇ ಬಾರ್ಜೆಲ್ಲೊದಲ್ಲಿ ನೋಡಿದ್ದೆವು. ಅಪ್ಪ ಬಲಗಾಲಿನ ಬೆರಳು ನೋಡಲು ಕಟ್ಟೆಯ ಸುತ್ತ ತಿರುಗಿದರು. ರಿಪೇರಿ ಎಲ್ಲಿ ಅಂತ ಕೆಳಗಿನಿಂದ ಗೊತ್ತಾಗಲಿಲ್ಲ. "ಫಿನಿಶಿಂಗ್ ಚೊಲೋ ಮಾಡ್ಯಾನ" ಅಂದರು. ಆಮೇಲೆ ಊಟಕ್ಕೆ ಹೋಗೋಣ ಅಂದರೆ ಕೇಳಲಿಲ್ಲ. ಬ್ಯಾಪ್ಟಿಸ್ಟರಿಯ ಬಾಗಿಲಲ್ಲಿ ಈಗಿರುವುದು ನಕಲು, ಅಸಲಿ ಪಕ್ಕದ ಮ್ಯೂಸಿಯಮ್ಮಿನಲ್ಲಿದೆ ಅಂತ ಹೇಳಿದೆ.

"ಇರವಲ್ದ್ಯಾಕ. ಇಪ್ಪತ್ತೆಂಟ ಅದಾವೋ ಇಲ್ಲೋ ಎಣಿಸಿ ಬರೂಣು ನಡಿ."